ಕಲ್ಲಿನ ಯುಗದ ಕುಣಿ

ನನ್ನ ಗಂಡ ಕಾರಿನ ಬಿಡಿಭಾಗ ಮಾಡುವ ಕಂಪನಿಯಲ್ಲಿ ಎಂಜಿನಿಯರ್. ಕೆಲಸದ ಮೇಲೆ ಆಗಾಗ ಫ್ರಾನ್ಸಿಗೆ ಹೋಗುತ್ತಿದ್ದರು. ಬೇರೆಯವರ ಗಂಡಂದಿರು ಸೆಂಟು, ಚಾಕಲೇಟು ತಂದರೆ ನಮ್ಮವರು ಹಳೆ ಪುಸ್ತಕದಂಗಡಿಯಿಂದ ಕಾಮಿಕ್ಸ್ ಹೊತ್ತು ತರುತ್ತಿದ್ದರು. ಊರಿಗೊಂದು ದಾರಿಯಾದರೆ ಎಡವಟ್ಟನಿಗೊಂದು ದಾರಿ. ಎಲ್ಲವೂ ಒಬ್ಬನದೇ ಕಥೆ. ಕಲ್ಲಿನ ಯುಗದ ಒಬ್ಬ ಗಟ್ಟಿಗ, ಹಿಂದೆ ಮುಂದೆ ಯಾರೂ ಇಲ್ಲದವನು, ಒಂದು ಬುಡಕಟ್ಟಿನಿಂದ ಇನ್ನೊಂದಕ್ಕೆ ನಡೆಯುತ್ತಲೇ ಇರುತ್ತಾನೆ.

ಇಂಗ್ಲೆಂಡಿನ ವುಲ್ವರ್‌ಹ್ಯಾಂಪ್ಟನ್ನಿನ ನಮ್ಮ ಮನೆಯಲ್ಲಿ ಊಟವಾದ ಮೇಲೆ ಮಗಳಿಗೆ ಅದನ್ನು ಓದಿ ಹೇಳುತ್ತಿದ್ದರು. ಆ ಫ್ರೆಂಚ್ ಕಾಡುಮನುಷ್ಯ ಇವರ ಬಾಯಲ್ಲಿ ಹುಬ್ಬಳ್ಳಿ ಬಸ್‌ಸ್ಟ್ಯಾಂಡಿನವನಾಗಿಬಿಡುತ್ತಿದ್ದ. "ಏ ಕರಡೀ, ಸರಿ ಅತ್ತಾಗ! ಬೆನ್ನ ಮುರದೇನು ನೋಡ!" ಮಗಳು ಬಿದ್ದು ಬಿದ್ದು ನಕ್ಕು "ಅಗೇನ್, ಡ್ಯಾಡಿ" ಎನ್ನುತ್ತಿದ್ದಳು. ನನಗೆ ಒಳಗೊಳಗೇ ಹೊಟ್ಟೆಕಿಚ್ಚು. ನಾನು ಹೇಳುವ ಯಾವ ಕಥೆಗೂ ಅವಳು ಹಾಗೆ ನಕ್ಕವಳಲ್ಲ.

ಆಮೇಲೆ ಅವರಿಗೆ ಕ್ಯಾನ್ಸರ್ ಬಂತು. ನಾನು ಡಾಕ್ಟರ್. ಸ್ಕ್ಯಾನ್ ನೋಡಿದ ಕೂಡಲೇ ಗೊತ್ತಾಯಿತು, ಇನ್ನು ಯಾರೂ ನನಗೆ ಸುಳ್ಳು ಧೈರ್ಯ ಹೇಳಲಾರರು. ದುಃಖಕ್ಕಿಂತ ಮೊದಲು ನನಗೆ ಬಂದದ್ದು ಸಿಟ್ಟು.

ಒಂದು ದಿನ ಆಸ್ಪತ್ರೆಯ ಹಾಸಿಗೆಯಲ್ಲಿ ಅದೇ ಕಾಮಿಕ್ಸಿನ ಒಂದು ಪುಟ ತೆಗೆದು ನನಗೆ ತೋರಿಸಿದರು. ಸತ್ತ ಹಿರಿಯನೊಬ್ಬನನ್ನು ಬುಡಕಟ್ಟಿನವರು ಕುಣಿಯಲ್ಲಿ ಮಂಡಿ ಮಡಿಸಿ ಕೂರಿಸಿ ಮಣ್ಣೆಳೆಯುತ್ತಿದ್ದರು.

"ನೋಡ, ಇವರೂ ನಮ್ಮಂಗ ಕೂಡಿಸ್ಯಾರ."

ನಾವು ಲಿಂಗಾಯತರು. ಸತ್ತವರನ್ನು ಸುಡುವುದಿಲ್ಲ, ಅಂಗೈಯಲ್ಲಿ ಲಿಂಗವಿಟ್ಟು ಕೂರಿಸಿ ಮಣ್ಣು ಮಾಡುತ್ತೇವೆ.

"ನನ್ನೂ ಹಿಂಗ ಕೂಡಸು. ಪೆಟ್ಟಿಗ್ಯಾಗ ಅಡ್ಡ ಕೆಡವಬ್ಯಾಡ. ಊರಿಗೂ ಒಯ್ಯಬ್ಯಾಡ, ಕೂಸು ಇಲ್ಲೇ ಇರ್ತದ."

"ಸುಮ್ಮ ಇರ್ರಿ, ಏನರ ಮಾತಾಡಬ್ಯಾಡ್ರಿ."

"ಈ ಪುಟ ಆಕೀಗೆ ತೋರಿಸಿಲ್ಲ, ಹಾರಿಸೇನಿ," ಎಂದರು.

ಆರು ವರ್ಷದ ಮಗುವಿಗೆ ಅಪ್ಪ ಬದುಕುವುದಿಲ್ಲ ಎಂದು ಹೇಗೋ ಹೇಳಿದ್ದೆ. ಅಪ್ಪನ ಹೆಣವನ್ನು ಹೇಗೆ ಕೂರಿಸುತ್ತಾರೆ ಎಂದು ಹೇಳುವುದು ಯಾವ ತಾಯಿಯಿಂದಾದೀತು?

ಸ್ಮಶಾನದ ಆಫೀಸಿನವರು ಮೊದಲು ಸಾಧ್ಯವೇ ಇಲ್ಲ ಎಂದರು. ನಾನು ಬಿಡಲಿಲ್ಲ, ಹೋಗಿ ಜಗಳವಾಡಿದೆ, ಮತ್ತೆ ಹೋದೆ. ಕೊನೆಗೆ ಆಳವಾಗಿ ತೋಡಿಸಿ ಚೌಕಾದ ಪೆಟ್ಟಿಗೆ ಇಳಿಸಲು ಒಪ್ಪಿದರು. ಇನ್ನು ಉಳಿದದ್ದು ಒಂದೇ ಭಯ. ಆಸ್ಪತ್ರೆಯಲ್ಲಿ ಜೀವ ಹೋದರೆ ಅಂಗಾತ ಮಲಗಿಸಿ ಶವಾಗಾರದ ತಣ್ಣನೆ ಪೆಟ್ಟಿಗೆಗೆ ತಳ್ಳುತ್ತಾರೆ, ಸೆಟೆದ ಮಂಡಿ ಮತ್ತೆ ಸುಲಭಕ್ಕೆ ಮಡಿಯುವುದಿಲ್ಲ. ಹಾಗಾಗಿ ಮನೆಗೆ ಕರೆತಂದು ಮುಂದಿನ ಕೋಣೆಯಲ್ಲಿ ಮಂಚ ಹಾಕಿಸಿದೆ. ವಾರಗಟ್ಟಲೆ ಅವರು ಅದರಿಂದ ತಲೆ ಎತ್ತಲಿಲ್ಲ.

ಹೋದದ್ದು ಮಧ್ಯಾಹ್ನ, ಮಗಳು ಸ್ಕೂಲಿನಲ್ಲಿದ್ದಾಗ. ನಮಗೆ ಜೊತೆಯಾಗಿರಲು ಬಂದಿದ್ದ ಹಡರ್ಸ್‌ಫೀಲ್ಡಿನ ಲಿಂಗಾಯತ ಹಿರಿಯರೊಬ್ಬರಿಗೆ ಈ ವಿಧಿಯೆಲ್ಲ ಗೊತ್ತಿತ್ತು. ನಮ್ಮ ಏರಿಯಾದ ಡಾಕ್ಟರ್ ಬಂದು ನೋಡಿ, ಸಾವನ್ನು ಖಚಿತಪಡಿಸಿ ಹೋದದ್ದೇ ತಡ, ಹಿರಿಯರು ಅಂಗಿಯ ತೋಳು ಮಡಿಸಿ ನಿಂತರು.

"ಲಗೂ ಮಾಡೂಣ ತಂಗೀ, ಮೈ ಇನ್ನೂ ಬೆಚ್ಚಗದ."

ಮೈ ತೊಳೆದೆವು. ಮಣೆಯ ಮೇಲೆ ಗೋಡೆಗೆ ಆನಿಸಿ ಕೂರಿಸಿದೆವು. ತಲೆ ವಾಲದಂತೆ ಹಣೆಗೆ ಬಿಳಿ ಪಟ್ಟಿ ಕಟ್ಟಿ ಗೋಡೆಯ ಮೊಳೆಗೆ ಬಿಗಿದೆವು. ವಿಭೂತಿ ಹಚ್ಚಿ, ಎಡಗೈಯಲ್ಲಿ ಲಿಂಗವಿಟ್ಟೆ. ಬೆಳಕಿರಲಿ ಎಂದು ಹಿರಿಯರು ಕಿಟಕಿಯ ಪರದೆ ಸರಿಸಿದರು. ನೆಟ್ಟಗೆ ಕೂತಿದ್ದ ಅವರನ್ನು ನೋಡಿ, ನಾಚಿಕೆಯಿಲ್ಲದೆ ಹೇಳುತ್ತೇನೆ, ನನಗೆ ಗೆದ್ದೆ ಅನ್ನಿಸಿತು. ಈ ದೇಶದಲ್ಲಿ, ಈ ಚಳಿಯಲ್ಲಿ, ಅವರು ಕೇಳಿದ್ದನ್ನು ಕೊಟ್ಟಿದ್ದೆ.

ಮಗಳನ್ನು ಸ್ಕೂಲಿನಿಂದ ಕರೆತರುತ್ತಿದ್ದವರು ಪಕ್ಕದ ಮನೆಯ ಇಂಗ್ಲಿಷ್ ಅಜ್ಜಿ, ಬಹಳ ಒಳ್ಳೆಯವರು. ಮಗಳನ್ನು ಬಾಗಿಲಲ್ಲೇ ತಡೆದು, ಅಪ್ಪಿಕೊಂಡು, ಹೇಳಬೇಕೆಂದುಕೊಂಡು ನಾನು ಮುಖ ತೊಳೆಯಲು ಹೋದೆ. ಅಷ್ಟರಲ್ಲಿ ಗೇಟಿನ ಸದ್ದಾಯಿತು. ಓಡಿ ಬಂದೆ. ಅಜ್ಜಿ ಕಿಟಕಿಯ ಹೊರಗೆ ನಿಂತು ಒಳಗಿದ್ದವರ ಕಡೆ ನಗುತ್ತಾ ಕೈ ಬೀಸುತ್ತಿದ್ದರು.

"ಲುಕ್, ಲವ್! ಯುವರ್ ಡ್ಯಾಡ್ಸ್ ಸಿಟಿಂಗ್ ಅಪ್!"

ಮಗಳು ಬೂಟಿನ ಕಾಲಲ್ಲೇ ನನ್ನ ಪಕ್ಕದಿಂದ ನುಸುಳಿ ಒಳಗೆ ಓಡಿದಳು. ಅಪ್ಪನ ಮಡಿಸಿದ ಮಂಡಿಗಳನ್ನು ಎರಡೂ ಕೈಯಿಂದ ತಬ್ಬಿಕೊಂಡಳು. "ಡ್ಯಾಡಿ, ಯು ಆರ್ ಬೆಟರ್!" ಹಿರಿಯರು ಗೋಡೆಯ ಕಡೆ ಮುಖ ತಿರುಗಿಸಿದರು. ಅವಳು ತಬ್ಬಿಕೊಂಡೇ ನನ್ನತ್ತ ತಿರುಗಿದಳು. ಅಂಥ ಸಂತೋಷವನ್ನು ನಾನು ಆ ಮುಖದಲ್ಲಿ ಅದಕ್ಕೆ ಮೊದಲು ಕಂಡಿರಲಿಲ್ಲ, ಆಮೇಲೂ ಕಂಡಿಲ್ಲ. ಅದನ್ನು ಆರಿಸುವ ಕೆಲಸ ನನ್ನದಾಗಿತ್ತು. ಪಕ್ಕದಲ್ಲಿ ಕೂತು, ಅವಳ ಕೈ ಬಿಡಿಸಿ, ಆರಿಸಿದೆ.