ಸೀರೆಯ ಮೇಲಿನ ಚೌಕಡಿ ಅಂಗಿ

ನಮ್ಮ ಗಂಗಮ್ಮ ಮೇಡಂ ಪ್ರಯೋಗಾಲಯದಲ್ಲಿ ಬಿಳಿ ಕೋಟು ಹಾಕಿದ್ದನ್ನು ನಾನು ಕಂಡೇ ಇಲ್ಲ. ಇಲಕಲ್ ಸೀರೆಯ ಮೇಲೆ ಅವರಪ್ಪನ ಹಳೆಯ ಚೌಕಡಿ ಅಂಗಿ. ಕಿತ್ತುಹೋದ ಗುಂಡಿಯ ಜಾಗದಲ್ಲಿ ಒಂದು ಪಿನ್ನು. ಶಹಾಪುರದ ನಮ್ಮ ಕಾಲೇಜಿಗೆ ಹೊಸದಾಗಿ ಬಂದವರು ನಗುತ್ತಿದ್ದರು. ನಗಲಿ ಬಿಡಿ! ಕಾಲುವೆಗೆ ನೀರು ಬಂದ ಹೊಸದರಲ್ಲಿ, ಕೆಂಭಾವಿ ಕಡೆಯ ಹತ್ತಿ ಹೊಲಗಳಲ್ಲಿ ಅವ್ವನ ಜೊತೆ ಕಳೆ ತೆಗೆಯುತ್ತ ರಸಾಯನಶಾಸ್ತ್ರ ಓದಿದವರು ಅವರು.

ಸಿಲಿಕಾನಿನ ಪಾಠವೂ ಆ ಅಂಗಿಯಿಂದಲೇ ಶುರುವಾಗುತ್ತಿತ್ತು.

“ಕಳೆ ತೆಗಿಯಾಕ ಹೋಗೋ ಹೆಣ್ಮಕ್ಕಳು ಸೀರಿ ಮ್ಯಾಲ ಗಂಡಸರ ಅಂಗಿ ಯಾಕ ಹಾಕ್ಕೊಂತಾರ? ಸೀರಿ ಕೆಡಬಾರದಂತ. ಮನಿಗೆ ಬಂದು ತೆಗೀತಾರ. ಅಣುವಿನ ಒಂದು ತುದಿ ಕೆಡಬಾರದು, ಇನ್ನೊಂದು ತುದಿಗೆ ಕೆಲಸ ಆಗಬೇಕು ಅಂದ್ರ ಅದಕ್ಕೂ ಸಿಲಿಕಾನಿನ ಅಂಗಿ ತೊಡಸಬೇಕು. ಕೆಲಸ ಮುಗಿದ ಮ್ಯಾಲ ಫ್ಲೋರೈಡ್ ಹಾಕಿ ತೆಗೀಬೇಕು. ತಿಳೀತಿಲ್ಲೋ?”

ತಿಳಿಯದೇ ಏನು! ಕೈಗೆ ಬರಬೇಕಲ್ಲ. ಎಂ.ಎಸ್ಸಿ. ಕೊನೆಯ ವರ್ಷ ನಾನೊಂದು ಔಷಧದ ಅಣು ಕಟ್ಟುತ್ತಿದ್ದೆ. ಅದು ಆಗದಿದ್ದರೆ ಪದವಿಯಿಲ್ಲ. ತೊಳೆದ ಕುಪ್ಪಿಯನ್ನು ಬಟ್ಟೆಯಲ್ಲಿ ಒರೆಸಿ ಸಿಲಿಕಾನಿನ ದ್ರವ ಸುರಿದೆ. ತೇವ ತಾಗಿದ್ದೇ ಬುಸ್ಸೆಂದು ಬಿಳಿ ಹೊಗೆ ಎದ್ದಿತು. ಕಟ್ಟುತ್ತಿದ್ದ ಅಣುವಿನ ಅರ್ಧ ಸಾಮಾನು ಹಾಳು.

“ಹಸಿ ಮೈಮ್ಯಾಲ ಅಂಗಿ ಏರತದೇನವ್ವಾ?” ಎಂದು ಮೇಡಂ ನಕ್ಕು, ಕುಪ್ಪಿಗಳನ್ನೆಲ್ಲ ಓವನ್ನಿನಲ್ಲಿ ಕಾಯಿಸಿಕೊಟ್ಟರು. ಉಳಿದರ್ಧದಲ್ಲಿ ಅಂಗಿ ಸರಿಯಾಗಿ ಕೂತಿತು, ಇನ್ನೊಂದು ತುದಿಯ ಕೆಲಸವೂ ಮುಗಿಯಿತು. ಆದರೆ ಅಂಗಿ ತೆಗೆಯಲು ನನಗೆ ಕೈಯೇ ಬರಲಿಲ್ಲ. ಇಲ್ಲಿ ಕೆಟ್ಟರೆ ಏನೂ ಉಳಿಯುವುದಿಲ್ಲ! ಸೀಸೆಯನ್ನು ಫ್ರಿಜ್ಜಿನಲ್ಲಿಟ್ಟು ದಿನ ದೂಡಿದೆ.

“ಹೆದರಿ ಅಂಗ್ಯಾಗೇ ಕುಂದ್ರಿಸಿದ್ರ ಅದು ಔಷಧ ಹ್ಯಾಂಗ ಆಗತದ? ಕೆಲಸ ಮುಗೀತು, ತೆಗಿ” ಎಂದು ಮೇಡಂ ಪಕ್ಕದಲ್ಲೇ ನಿಂತರು. ಫ್ಲೋರೈಡ್ ಹಾಕಿದೆ. ಸಂಜೆಗೆ ಕುಪ್ಪಿಯ ತಳದಲ್ಲಿ ಬಿಳಿ ಹರಳು ಬಿದ್ದಿತ್ತು. ಖುಷಿಗೆ ಅವರನ್ನು ತಬ್ಬಿಕೊಂಡೇಬಿಟ್ಟೆ.

ವರ್ಷಗಳ ಮೇಲೆ, ಅವರ ನಿವೃತ್ತಿಯ ದಿನ ಯಾದಗಿರಿಯಿಂದ ಬಸ್ ಹತ್ತಿ ಕಾಲೇಜಿಗೆ ಬಂದೆ. ವೇದಿಕೆಯಲ್ಲಿ ಎಲ್ಲರೂ ಹಾರ ಹಿಡಿದು ಕಾಯುತ್ತಿದ್ದರೆ, ಮೇಡಂ ಪ್ರಯೋಗಾಲಯದಲ್ಲಿ ಅಂಗಿ ತೊಟ್ಟು, ತೊಳೆದ ಕುಪ್ಪಿಯನ್ನೇ ಮತ್ತೆ ತೊಳೆಯುತ್ತಿದ್ದರು. ಹೊರಗೆ ಬರಲು ಅವರಿಗೆ ಮನಸ್ಸೇ ಇರಲಿಲ್ಲ. ನಾನು ಅವರ ಪಕ್ಕಕ್ಕೆ ಹೋಗಿ ನಿಂತೆ.

“ಮೇಡಂ, ಕೆಲಸ ಮುಗೀತ್ರಿ. ಅಂಗಿ ತೆಗೀರಿ.”

“ಎಲಾ ಇಕಿನ! ನನ್ನ ಪಾಠ ನನಗೇ ಹೇಳಾಕತ್ತೀಯೇನು?” ಎಂದು ನಕ್ಕರು, ಕಣ್ಣೊರೆಸಿಕೊಂಡರು. ಪಿನ್ನು ಬಿಡಿಸಿ, ಅಂಗಿಯನ್ನು ಮೊಳೆಗೆ ತೂಗುಹಾಕಿದರು. ಒಳಗಿನ ಹಸಿರು ಸೀರೆಗೆ ಒಂದೇ ಒಂದು ಕಲೆ ಇರಲಿಲ್ಲ.