ದಾರಿ ತೋರಿಸಿದವರ ಮನೆ

ಪುಂಜಾಲಕಟ್ಟೆಯಲ್ಲಿ ಟೈಲರಿಂಗ್ ಅಂಗಡಿ ಇಟ್ಟಿರುವ ಜಲಜಾಕ್ಷಿಯ ಮನೆಯವರಿಗೆ ಊರಿನಲ್ಲಿ ‘ಸಾದಿದಕುಲು’ ಎಂಬ ಹೆಸರಿದೆ, ದಾರಿಯವರು ಎಂದರ್ಥ. ಕುಂಪಣಿ ಸರಕಾರದ ಕಾಲದಲ್ಲಿ ದಂಗೆ ಎದ್ದ ಕೆಲವರು ಊರ ಗುಡ್ಡದಲ್ಲಿ ಅಡಗಿದ್ದರಂತೆ. ಸಿಪಾಯಿಗಳಿಗೆ ಅಲ್ಲಿಗೆ ದಾರಿ ತೋರಿಸಿದವನು ಈ ಮನೆಯ ಹಿರಿಯನಂತೆ. ಗಲ್ಲಿಗೇರಿದವರ ಹೆಸರು ಈಗ ಯಾರಿಗೂ ಗೊತ್ತಿಲ್ಲ. ದಾರಿ ತೋರಿಸಿದವನ ಮನೆ ಮಾತ್ರ ಎಲ್ಲರಿಗೂ ಗೊತ್ತು.

ಶಾಲೆಯಲ್ಲಿ ಜಲಜಾಕ್ಷಿ ಯಾರ ಮೇಲೆ ದೂರು ಹೇಳಿದರೂ, “ಮನೆಬುದ್ಧಿ ಎಲ್ಲಿ ಹೋಗ್ತದೆ?” ಎನ್ನುತ್ತಿದ್ದರು. ಗುರುವಾಯನಕೆರೆಯಿಂದ ಬಂದ ಮದುವೆ ಸಂಬಂಧವೂ ಯಾರೋ ಆ ಕತೆ ಮುಟ್ಟಿಸಿದ ಮೇಲೆ ತಪ್ಪಿಹೋಯಿತು. ಆಮೇಲೆ ಅವಳೇ ಮದುವೆಯ ಮಾತು ಬೇಡವೆಂದಳು.

ಹೋದ ವರ್ಷ ಊರಿನವರು ಗುಡ್ಡದ ಮೇಲೆ ಆ ಗಲ್ಲಿಗೇರಿದವರ ಸ್ಮಾರಕದ ಕಲ್ಲು ನಿಲ್ಲಿಸಲು ಹೊರಟರು. ಸಮಿತಿಯ ಅಧ್ಯಕ್ಷ ಸಂಕಪ್ಪ ಅಂಗಡಿಗೆ ಬಂದ.

“ಜಲಜಕ್ಕ, ಕಲ್ಲು ಸಾಗಿಸಲಿಕ್ಕೆ ನಿಮ್ಮ ಜಾಗದಲ್ಲಿ ದಾರಿ ಬೇಕಿತ್ತು. ಬೇರೆ ಕಡೆಯಿಂದ ಪಿಕಪ್ ಹತ್ತುವುದಿಲ್ಲ.”

ಜಲಜಾಕ್ಷಿ ಹೊಲಿಗೆ ನಿಲ್ಲಿಸಿದಳು. “ಕೊಡ್ತೇನೆ. ಆದರೆ ಅವತ್ತು ಮೈಕಿನಲ್ಲಿ ಹೇಳಬೇಕು, ಇನ್ನು ನಮ್ಮನ್ನು ಆ ಹೆಸರಿನಲ್ಲಿ ಯಾರೂ ಕರೆಯಬಾರದು ಅಂತ.”

“ಅದು ಹಳೇ ಬಾಯಿಮಾತು ಮಾರಾಯ್ತಿ. ಯಾರಾದರೂ ಮನಸ್ಸಿಗೆ ಹಚ್ಚಿಕೊಳ್ತಾರಾ?”

“ನಾನು ಹಚ್ಚಿಕೊಂಡಿದ್ದೇನೆ.”

“ಆಯ್ತು, ಹೇಳುವ.”

ಉದ್ಘಾಟನೆಯ ದಿನ ಸಂಕಪ್ಪ ಶಾಮಿಯಾನದವರಿಂದ ಹಿಡಿದು ಎಲ್ಲರಿಗೂ ಧನ್ಯವಾದ ಹೇಳಿದ. ಜಾಗ ಕೊಟ್ಟ ದಾನಿಗಳನ್ನೂ ನೆನೆದ. ಒಪ್ಪಿದ ಮಾತನ್ನು ಎತ್ತಲೇ ಇಲ್ಲ. ಹಿಂದಿನ ಕುರ್ಚಿಯಲ್ಲಿದ್ದ ಪಕ್ಕದ ಮನೆಯ ಕಾಂತಿ, “ಈ ಸಲವೂ ದಾರಿ ಇವರದ್ದೇ” ಎಂದು ಕಿಸಕ್ಕನೆ ನಕ್ಕಳು.

ಜಲಜಾಕ್ಷಿ ತಿರುಗಿದಳು. “ಕಾಂತಿ, ಆಗ ನಿಮ್ಮವರು ಏನು ಮಾಡ್ತಿದ್ದರು?”

“ನಮ್ಮವರಾ? ಕುಂಪಣಿಯ ಪಟೇಲರು! ಕಂದಾಯ ವಸೂಲಿ ಎಲ್ಲ ನಮ್ಮವರದ್ದೇ.” ಕಾಂತಿಯ ಮುಖದಲ್ಲಿ ಹೆಮ್ಮೆ ಇತ್ತು.

“ಹಾಗಾದರೆ ನಿಮಗೆ ಯಾಕೆ ಯಾರೂ ಹೆಸರಿಡಲಿಲ್ಲ?”

“ಅದು ಉದ್ಯೋಗ ಅಲ್ವಾ?”

ಕಾಂತಿಗೆ ಪ್ರಶ್ನೆಯೇ ಅರ್ಥವಾಗಿರಲಿಲ್ಲ. ಜಲಜಾಕ್ಷಿ ಎದ್ದು ನೇರ ಸಂಕಪ್ಪನ ಬಳಿಗೆ ಹೋದಳು.

“ಗಡಿಬಿಡಿಯಲ್ಲಿ ಮರೆತೇಹೋಯ್ತು ಅಕ್ಕ,” ಎಂದ ಅವನು, ಕಣ್ಣು ತಪ್ಪಿಸುತ್ತ. “ಮುಂದಿನ ವರ್ಷ ಖಂಡಿತ ಹೇಳುವ. ಈಗ ಪಾಯಸ ಉಂಟು, ಕೂತ್ಕೊಳ್ಳಿ.”

ಅವಳು ಕೂರಲಿಲ್ಲ. ಸಿಕ್ಕಿದ ಬಸ್ಸು ಹತ್ತಿ ಪುಂಜಾಲಕಟ್ಟೆಯ ಅಂಗಡಿಗೆ ಹೋಗಿ ಬಾಗಿಲು ತೆರೆದಳು. ಅವತ್ತು ಹೊಲಿದ ರವಿಕೆಯ ತೋಳುಗಳೆರಡೂ ಉಲ್ಟಾ ಕೂತಿದ್ದವು. ಸಿಟ್ಟಿನಿಂದ ದಾರ ಕೀಳಲು ಹೋಗಿ ಬಟ್ಟೆಯೂ ಹರಿಯಿತು.