ನಿನ್ಫಾ ಚಿಕ್ಕಮ್ಮ ನಡೆಯುವ ಬೀದಿ

“ಅಮ್ಮಾ, ನಾನು ಮಾತಾಡೋವರೆಗೂ ನಿನ್ಫಾ ಚಿಕ್ಕಮ್ಮ ನನ್ನ ಹೆಸರು ಹೇಳೋದೇ ಇಲ್ಲ. ಯಾಕೆ?”

ಮಂಗಳವಾರ ಮಧ್ಯಾಹ್ನ ಬಟಾಣಿ ಸುಲಿಯುತ್ತ ಕೂತಿದ್ದಾಗ ಬೆತ್ತಾ ಕೇಳಿದಳು. ಐದು ತುಂಬಿದ ಹುಡುಗಿ. ಸುಲಿದದ್ದರಲ್ಲಿ ಅರ್ಧ ಅವಳ ಬಾಯಿಗೇ ಹೋಗುತ್ತಿತ್ತು. ಚಿಕ್ಕವನು ನನ್ನ ತೊಡೆಯ ಮೇಲೆ ಆಗಷ್ಟೇ ಕಣ್ಣು ಮುಚ್ಚಿದ್ದ.

“ಏನೋ ಯೋಚನೇಲಿರ್ತಾರೆ ಬಿಡು,” ಎಂದೆ ಮೆಲ್ಲಗೆ.

“ಇಲ್ಲ. ಇವತ್ತು ಅವರ ಎದುರಿಗೇ ನಿಂತಿದ್ದೆ. ನಾಲಿಗೆ ಚಾಚಿದೆ. ಬೈಲೇ ಇಲ್ಲ.”

ನಾಲಿಗೆ ಚಾಚಿದ ಮಗುವನ್ನು ನಿನ್ಫಾ ಚಿಕ್ಕಮ್ಮ ಬೈಯದೆ ಬಿಟ್ಟರು ಎಂದರೆ ಏನೋ ಇದೆ ಎಂದು ನನಗೂ ಅನ್ನಿಸಿತು. ಸಂಜೆ ವಿತು ಬಂದ ಮೇಲೆ ಕೇಳಿದೆ. ನನ್ನ ಗಂಡ ಬೂಟು ಬಿಚ್ಚುತ್ತಿದ್ದವನು ಬಿಚ್ಚುತ್ತಲೇ ಹೇಳಿದ: “ಈ ಮನೆಗೆ ಬಂದು ಮೂರು ವರ್ಷ ಆಯ್ತು, ನಿಂಗೆ ಗೊತ್ತಿಲ್ವಾ? ಅವರಿಗೆ ಕಣ್ಣು ಕಾಣಲ್ಲ.”

“ದಿನಾ ಹೊರಗಿನವರನ್ನ ಕರ್ಕೊಂಡು ಸಂತೆಯೆಲ್ಲಾ ತಿರುಗ್ತಾರಲ್ಲೋ!”

“ಹೂಂ. ಅದಕ್ಕೇನೀಗ?”

ಈ ಬಲ್ಲರೋ ಸಂತೆಬೀದಿಯಲ್ಲಿ ಹುಟ್ಟಿದವರ ಮಾತೇ ಹೀಗೆ. ನನ್ನ ತವರು ಕಾಪೋ ಸಂತೆಯ ಹಿಂದೆ. ಇಬ್ಬರದೂ ಪಲೆರ್ಮೊ ಊರೇ, ನಡೆದುಕೊಂಡೇ ಹೋಗಿ ಬರಬಹುದು. ಆದರೂ ಈ ಬೀದಿಯವರಿಗೆ ನಾನು ಇನ್ನೂ ಪರಸ್ಥಳದವಳು, ಯಾವುದನ್ನೂ ನನಗೆ ಹೇಳಬೇಕೆಂದು ಯಾರಿಗೂ ತೋಚುವುದಿಲ್ಲ.

ನಿನ್ಫಾ ಚಿಕ್ಕಮ್ಮ ಯಾರಿಗೂ ರಕ್ತಸಂಬಂಧದ ಚಿಕ್ಕಮ್ಮ ಅಲ್ಲ, ಬೀದಿಗೆಲ್ಲ ಚಿಕ್ಕಮ್ಮ. ಅವರ ಅಪ್ಪ ಇದೇ ಸಂತೆಯಲ್ಲಿ ಕರುವಿನ ಗುಲ್ಮ ಬೇಯಿಸಿ, ಕೊಬ್ಬಿನಲ್ಲಿ ಹುರಿದು, ಬನ್ನಿನಲ್ಲಿಟ್ಟು ಮಾರುತ್ತಿದ್ದರು. ಮಗಳು ನಿಂಬೆಹಣ್ಣು ಹಿಂಡುತ್ತ ಬೆಳೆದಳು. ಮದುವೆಯಾದ ಮೇಲೆ ಶಾಲೆಯೊಂದರಲ್ಲಿ ಮಕ್ಕಳಿಗೆ ಅಡುಗೆ ಮಾಡುತ್ತಿದ್ದರಂತೆ. ಗಂಡ ತೀರಿಕೊಂಡ ವರ್ಷ, ದಾರಿ ತಪ್ಪಿ ಬಂದ ಇಬ್ಬರು ಪ್ರವಾಸಿಗರು ಯಾವುದೋ ಚರ್ಚು ಎಲ್ಲಿ ಎಂದು ಕೇಳಿದರು. ಚಿಕ್ಕಮ್ಮ ಅವರ ಮುಖ ನೋಡಿ, ಇವರಿಗೆ ಬೇಕಾದ್ದು ಚರ್ಚಲ್ಲ, ಊಟ, ಎಂದುಕೊಂಡು ಮಳಿಗೆಯಿಂದ ಮಳಿಗೆಗೆ ಕರೆದೊಯ್ದು ತಿನ್ನಿಸಿದರು. ಅವರು ಊರಿಗೆ ಹೋಗಿ ಸ್ನೇಹಿತರಿಗೆ ಹೇಳಿದರು, ಆ ಸ್ನೇಹಿತರು ಬಂದರು. ಹಾಗೆ ಶುರುವಾದ ನಡಿಗೆ ಇದು. ಈಗ ಬೇಸಿಗೆಯ ತಿಂಗಳುಗಳಲ್ಲಿ ದಿನಕ್ಕೊಂದು ಗುಂಪು ಬರುತ್ತದೆ.

ಈ ವರ್ಷಗಳ ನಡುವೆ ಚಿಕ್ಕಮ್ಮನ ಕಣ್ಣು ಹೋಯಿತು. ಒಮ್ಮೆಗೇ ಅಲ್ಲ, ಅಂಚಿನಿಂದ ಒಳಕ್ಕೆ ಸ್ವಲ್ಪಸ್ವಲ್ಪವೇ. ಈಗ ಬೆಳಕು, ಕತ್ತಲೆ, ಕಣ್ಣಿಗೆ ಹೊಡೆಯುವ ಕೆಂಪು, ಇಷ್ಟು ಗೊತ್ತಾಗುತ್ತದೆ. ಮೊನ್ರಿಯಾಲೆ ಬೆಟ್ಟದಲ್ಲಿರುವ ಅವರ ಅಕ್ಕ, “ಬಂದು ನನ್ನ ಜೊತೆ ಇದ್ದುಬಿಡೇ, ತೋಟದಲ್ಲಿ ಕುರ್ಚಿ ಹಾಕ್ಕೊಂಡು ಕೂತಿರು,” ಎಂದು ಭಾನುವಾರ ಭಾನುವಾರ ಫೋನ್ ಮಾಡುತ್ತಾಳೆ. ಚಿಕ್ಕಮ್ಮನಿಗೆ ಕುರ್ಚಿ ಬೇಡ. ಈ ನಡಿಗೆ ಬೇಕು. ನಡಿಗೆ ನಿಂತ ದಿನ ತಾನು ಆ ಕುರ್ಚಿಗೆ ಹೋಗಬೇಕಾಗುತ್ತದೆ ಎಂದು ಅವರಿಗೆ ಗೊತ್ತು.

ಅದೇ ವಾರ ನಮ್ಮ ಕಟ್ಟಡದ ಮೆಟ್ಟಿಲಲ್ಲಿ ಸಿಕ್ಕರು. ಈ ಸಲ ನಾನೇ ಮೊದಲು ಮಾತಾಡಿದೆ.

“ಓಹ್, ಕಾಪೋದ ರಾಣಿ!” ಎಂದರು. “ನಾಳೆ ಇಬ್ಬರು ಬರ್ತಾ ಇಲ್ಲ. ಅವರ ಪಾಲಿನ ತಿಂಡಿ ಹೇಳಿಟ್ಟಾಗಿದೆ. ಮಕ್ಕಳನ್ನ ಕರ್ಕೊಂಡು ಬಾ. ನಿಮ್ಮ ಕಡೆ ಇಂಥ ರುಚಿ ಎಲ್ಲಿ ಸಿಗಬೇಕು!”

ಹೋದೆ. ಚಿಕ್ಕವನನ್ನು ಎದೆಗೆ ಕಟ್ಟಿಕೊಂಡು, ಬೆತ್ತಾಳ ಕೈ ಹಿಡಿದುಕೊಂಡು. ಡೆನ್ಮಾರ್ಕಿನ ನಾಲ್ವರು, ಮಿಲಾನಿನ ಗಂಡಹೆಂಡಿರು. ಚಿಕ್ಕಮ್ಮ ಹೂವಿನ ಅಂಗಿ ತೊಟ್ಟು, ಕೆಂಪು ಕೊಡೆಯೊಂದನ್ನು ಮಡಿಸಿ ಹಿಡಿದಿದ್ದರು. ಗುಂಪಿಗೆ ಗುರುತಾಗಲಿ ಎಂದು ಹಿಡಿದಿದ್ದಾರೆ ಅನ್ನಿಸಬೇಕು, ಹಾಗೆ. ಅದರ ತುದಿ ಆಗಾಗ ಕಲ್ಲುಹಾಸನ್ನು ಮುಟ್ಟುತ್ತಿದ್ದುದನ್ನು ನಾನು ಅವತ್ತೇ ಗಮನಿಸಿದ್ದು.

ಬೀದಿಯೊಳಗೆ ಕಾಲಿಟ್ಟೆವೋ ಇಲ್ಲವೋ, ಮೀನು ಮಾರುವ ಸಾರು ಎಂಬವನು ಕೂಗಿದ. ಸಾರುವಿನ ಕೂಗು ದಿನವೂ ನಮ್ಮ ಮನೆಗೆ ಕೇಳಿಸುತ್ತದೆ, ರಾಗ ನನಗೆ ಬಾಯಿಪಾಠ. ಆದರೆ ಅವನ ಎದುರಿಗೆ ನಿಂತು ಕೇಳಿದ್ದು ಅದೇ ಮೊದಲು. ಕತ್ತಿಮೀನಿನ ತಲೆಯ ಪಕ್ಕ ನಿಂತು, ಕುತ್ತಿಗೆಯ ನರ ಉಬ್ಬಿಸಿಕೊಂಡು, ಅದೇ ಹಳೆಯ ರಾಗದಲ್ಲಿ ಅವನು ಹಾಡುತ್ತಿದ್ದದ್ದು ಇದು:

“ಎಡಗಡೆ ಪೆಟ್ಟಿಗೇ... ಓ ಎಡಗಡೆ ಐಸಿನ ನೀರೂ... ಗೋಡೆ ಕಡೆ ಬಾರೇ ನನ್ನ ಚಿನ್ನಾ!”

ಚಿಕ್ಕಮ್ಮ ಮಾತು ನಿಲ್ಲಿಸದೆ ಬಲಕ್ಕೆ ಸರಿದರು. ಹಿಂದಿದ್ದ ಎಂಟು ಜನ ಬಾತುಮರಿಗಳಂತೆ ಬಲಕ್ಕೆ ಸರಿದೆವು.

ಡೆನ್ಮಾರ್ಕಿನ ಹೆಂಗಸು ಫೋನ್ ಎತ್ತಿ ಹಿಡಿದು ಕೇಳಿದಳು: “ಎಷ್ಟು ಚೆನ್ನಾಗಿ ಹಾಡ್ತಾನೆ! ಏನಂತೆ?”

“ಅವನ ಮೀನು ಮದುವಣಗಿತ್ತಿ ಥರ ಹೊಳೀತಿದೆಯಂತೆ,” ಎಂದರು ಚಿಕ್ಕಮ್ಮ. “ಸುಳ್ಳ. ನಿನ್ನೆಯದು.”

“ಕೇಳಿಸ್ತು ಕಣೇ ಡೊನ್ನಾ ನಿನ್ಫಾ!” ಸಾರು ಚೂರಿ ಝಳಪಿಸಿದ.

“ಕೇಳಿಸಲಿ ಅಂತಲೇ ಅಂದಿದ್ದು!”

ಮಿಲಾನಿನವರಿಗೂ ನಮ್ಮ ಊರಿನ ಆಡುಮಾತು ತಿಳಿಯದು. ಎಲ್ಲರೂ ನಕ್ಕರು. ನನಗೆ ನಗು ಬರಲಿಲ್ಲ. ಸಾರುವಿನ ದನಿ ನಮ್ಮ ಬೆನ್ನ ಹಿಂದೆ ಇಳಿಯುತ್ತಿದ್ದ ಹಾಗೇ ಮುಂದೆ ಪಲ್ಲೆಹೂವಿನ ದಪ್ಪ ಮೊಗ್ಗು ಬೇಯಿಸಿ ಮಾರುವವನ ದನಿ ಎದ್ದಿತು: “ಬಿಸಿ ಹಂಡೇ, ಬಿಸಿ ಹಂಡೇ, ನೇರ ಬಾ ನೇರಾ!” ಅವನು ಮುಗಿಸುವಷ್ಟರಲ್ಲಿ ಈರುಳ್ಳಿಯವಳು ಹಿಡಿದಳು, ಅವಳ ಕೊನೆಯ ಅಕ್ಷರವನ್ನು ಆಲಿವಿನವನು. ಒಬ್ಬರ ಕೈಯಿಂದ ಇನ್ನೊಬ್ಬರ ಕೈಗೆ ಮಗುವನ್ನು ದಾಟಿಸುವ ಹಾಗೆ ಅವರು ಆಕೆಯನ್ನು ದಾಟಿಸುತ್ತಿದ್ದರು. ಕೆಂಪು ಗುಡಾರಗಳ ಕೆಳಗೆ ಆ ಬೀದಿ ಪೂರ್ತಿ, ಬೈಗುಳ, ತಮಾಷೆ, ಬೆಲೆ, ಎಲ್ಲದರ ನಡುವೆ, ಒಬ್ಬ ಹೆಂಗಸಿಗೆ ದಾರಿ ಹೇಳುತ್ತಿತ್ತು. ಚರ್ಚಿನ ಗುಮ್ಮಟದ ಕೆಳಗೆ ನಿಂತಾಗಲೂ ನನಗೆ ಅಷ್ಟು ದೊಡ್ಡದರ ಒಳಗೆ ನಿಂತಿದ್ದೇನೆ ಅನ್ನಿಸಿಲ್ಲ.

ಕಡಲೆಹಿಟ್ಟು ಬೇಯಿಸಿ, ತೆಳ್ಳಗೆ ಹರಡಿ, ಕತ್ತರಿಸಿ ಕರಿದ ಪನೆಲ್ಲೆ ತಿಂದೆವು. ಗುಲ್ಮದ ಬನ್ನಿನ ಮುಂದೆ ಡೆನ್ಮಾರ್ಕಿನ ಗಂಡಸು “ಇದು ಏನು?” ಎಂದು ಅನುಮಾನಿಸಿದ.

“ಮೊದಲು ನುಂಗಪ್ಪ. ಹೆಸರು ಆಮೇಲೆ ಹೇಳ್ತೀನಿ. ನಿನ್ನ ಹೆಸರು ಕೇಳಿ ನಾನು ಹೆದರಿದ್ನಾ?”

ಅವನ ಹೆಸರು ಯಾರ ನಾಲಿಗೆಗೂ ಹೊರಳುವಂಥದಲ್ಲ. ಅವನು ನುಂಗಿದ, ಇನ್ನೊಂದು ಕೇಳಿದ. ಚಿಕ್ಕಮ್ಮ ತಲೆ ಓರೆಮಾಡಿ ಅವನು ಅಗಿಯುವುದನ್ನು ಕೇಳಿಸಿಕೊಳ್ಳುತ್ತಿದ್ದರು.

ನಮ್ಮ ಮನೆಯ ಕೆಳಗಿನ ಮೂಲೆಯಲ್ಲಿ ಬೀದಿ ಎರಡಾಗಿ ಕವಲೊಡೆಯುತ್ತದೆ. ಒಂದು ಕಾರ್ಮಿನೆ ಚೌಕಕ್ಕೆ, ಇನ್ನೊಂದು ಸೀದಾ ವಾಹನಗಳ ರಸ್ತೆಗೆ. ಅಲ್ಲಿ ಗಾಸ್ಪರೆ ಮಾವ, ಅವರೂ ಬೀದಿಗೆಲ್ಲ ಮಾವ, ಮೂರು ಚಕ್ರದ ಗಾಡಿಯಲ್ಲಿ ಸ್ಫಿಂಚೋನೆ ಮಾರುತ್ತಿದ್ದರು. ಈರುಳ್ಳಿ, ಟೊಮೇಟೊ ಹರಡಿ ಸುಟ್ಟ ದಪ್ಪ ಮೆತ್ತನೆ ರೊಟ್ಟಿ ಅದು. ಅವರ ದನಿ ಒಡೆದ ಗಂಟೆಯ ಹಾಗೆ. ಚಿಕ್ಕಮ್ಮ ತಿರುಗುವುದು ಆ ದನಿಯ ಮೇಲೆ.

“ನಿಮ್ಮ ಮನೇಲಿ ಒಂದು ಬಿಳಿ ಕೋಲಿದೆ ಅಲ್ವಾ ಚಿಕ್ಕಮ್ಮ?” ಎಂದು ಅವತ್ತು ಕೊನೆಯಲ್ಲಿ, ಉಳಿದವರು ಹೋದ ಮೇಲೆ, ಧೈರ್ಯ ಮಾಡಿ ಕೇಳಿದೆ.

“ಬಾಗಿಲ ಹಿಂದಿದೆ. ಅಲ್ಲೇ ಇರಲಿ. ಕೋಲು ಹಿಡಿದರೆ ಜನ ಕೋಲನ್ನ ನೋಡ್ತಾರೆ. ಪನೆಲ್ಲೆ ಯಾರು ನೋಡ್ತಾರೆ?” ಆಮೇಲೆ ದನಿ ತಗ್ಗಿಸಿದರು. “ಇವರಿಗೆ ಕೂಗಿ ಅಂತ ನಾನು ಯಾವತ್ತೂ ಕೇಳಿಲ್ಲ ಕಣೇ. ಒಂದು ದಿನ ಸಾರು ಪೆಟ್ಟಿಗೆ ಇದೆ ಅಂತ ಹಾಡಿದ. ನಾನು ಕೇಳಿಸದವಳ ಹಾಗೆ ಸರಿದೆ. ಅಷ್ಟೇ. ಇವತ್ತಿಗೂ ಅದರ ಬಗ್ಗೆ ನಾವ್ಯಾರೂ ಮಾತಾಡಿಲ್ಲ.”

ಮೇ ತಿಂಗಳ ಮೊದಲಲ್ಲಿ ಗಾಸ್ಪರೆ ಮಾವನ ಮಂಡಿ ಕೈಕೊಟ್ಟಿತು. ತ್ರಾಪಾನಿಯಲ್ಲಿರುವ ಮಗಳು ಬಂದು ಕರೆದುಕೊಂಡು ಹೋದಳು. ಗಾಡಿ ಉಳಿಯಿತು, ಅಳಿಯನ ಕಡೆಯವನೊಬ್ಬ ಬಂದು ನಿಂತ. ಅವನು ಮೂಗ ಅಲ್ಲ, ಆದರೆ ನಾಚಿಕೆಯವನು, ಬಾಯಿ ತೆರೆದರೆ ಕೆಮ್ಮು. ಹಾಗಾಗಿ ಎಲ್ಲ ಸೇರಿ ಒಂದು ಉಪಾಯ ಮಾಡಿದರು. ಗಾಸ್ಪರೆ ಮಾವ ಹೊರಡುವ ಮೊದಲೇ ಧ್ವನಿಮುದ್ರಿಸಿ ಇಟ್ಟುಕೊಂಡಿದ್ದ ಅವರ ಕೂಗು ಕೇಳಿಸಲೆಂದು ಗಾಡಿಯ ಮೇಲೆ ಸ್ಪೀಕರ್ ಕಟ್ಟಿದರು. ಎಲ್ಲರಿಗೂ ತಾವು ಬಲು ಜಾಣರು ಎಂದು ಸಮಾಧಾನ. ಊರಲ್ಲಿ ಸ್ಫಿಂಚೋನೆ ಗಾಡಿಗಳೆಲ್ಲ ಹೀಗೇ ಕೂಗುತ್ತವೆ ತಾನೇ.

ಮೂರನೆಯ ದಿನವೇ ಅನಾಹುತ ಆಯಿತು. ನಾನು ಮೇಲೆ ಬಾಲ್ಕನಿಯಲ್ಲಿ ಚಿಕ್ಕವನ ಲಂಗೋಟಿ ಒಣಹಾಕುತ್ತಿದ್ದೆ. ಯಾವನೋ ಮೂಲೆಯಲ್ಲಿ ಮೋಟಾರುಬೈಕು ಅಡ್ಡ ನಿಲ್ಲಿಸಿ ಹೋಗಿದ್ದ. ಸ್ಪೀಕರಿನಿಂದ ಗಾಸ್ಪರೆ ಮಾವ “ಬಾ, ಬಾ, ಇಲ್ಲಿ ಬಾ” ಎಂದು ಖುಷಿಯಾಗಿ ಕರೆಯುತ್ತಲೇ ಇದ್ದರು. ಗಾಡಿಯ ಹುಡುಗ ಬಗ್ಗಿ ರೊಟ್ಟಿ ಕತ್ತರಿಸುತ್ತಿದ್ದ. ಚಿಕ್ಕಮ್ಮ ಆ ದನಿಯನ್ನು ನಂಬಿ ನಗುತ್ತ ತಿರುಗಿದರು. ನಾನು ಬಾಯಿ ತೆರೆಯುವಷ್ಟರಲ್ಲಿ ಬೈಕಿನ ಮೇಲೆ ಬಿದ್ದರು. ಹಿಂದಿದ್ದ ಗುಂಪಿನ ಒಬ್ಬ ಮುದುಕಿಯೂ ಅವರನ್ನು ಹಿಡಿಯಲು ಹೋಗಿ ಮುಗ್ಗರಿಸಿದಳು.

“ನೋಡಿ, ಪಲೆರ್ಮೊದಲ್ಲಿ ಗಾಡಿ ನಿಲ್ಲಿಸೋದು ಹೀಗೆ!” ಎಂದು ಚಿಕ್ಕಮ್ಮ ಎದ್ದು ನಕ್ಕರು. ಗುಂಪೂ ನಕ್ಕಿತು. ಬೀದಿ ಮಾತ್ರ ನಗಲಿಲ್ಲ. ಸಾರು ಬಂದು ಸ್ಪೀಕರಿನ ತಂತಿ ಕಿತ್ತು ಎಸೆದ.

ಮಧ್ಯಾಹ್ನ ಚಿಕ್ಕಮ್ಮ ನಮ್ಮ ಮನೆಗೆ ಹತ್ತಿ ಬಂದರು. ನಾನು ಅವರ ಮೊಣಕಾಲಿಗೆ ತಣ್ಣೀರು ಬಟ್ಟೆ ಇಟ್ಟೆ, ಕಾಫಿ ಮಾಡಿದೆ. ಬೆತ್ತಾ ಅವರ ಪಕ್ಕ ಕೂತು, “ನಾನು ಇಲ್ಲಿದೀನಿ,” ಎಂದು ತಾನಾಗಿಯೇ ಹೇಳಿದಳು. ಅದನ್ನು ನಾನು ಅವಳಿಗೆ ಹೇಳಿಕೊಟ್ಟಿರಲಿಲ್ಲ.

“ನನ್ನ ಕಾಲು ಹೋಗಲಿ ಬಿಡು,” ಎಂದರು ಚಿಕ್ಕಮ್ಮ. “ಆ ಮುದುಕಿಗೆ ಏನಾದ್ರೂ ಆಗಿದ್ರೆ? ಇನ್ನೊಂದು ಸಲ ಹೀಗಾದ್ರೆ ಅವತ್ತೇ ಅಕ್ಕನ ಕುರ್ಚಿಗೆ ಹೋಗ್ತೀನಿ. ನಂಬಿ ಬಂದವರನ್ನ ಬೀಳಿಸೋಕೆ ಕರ್ಕೊಂಡು ಹೋಗಲಾರೆ.” ಲೋಟ ಕೆಳಗಿಟ್ಟರು, ಮೇಜಿನ ಅಂಚನ್ನು ಬೆರಳಿಂದ ಹುಡುಕಿ, ಜೋಪಾನವಾಗಿ. “ಗಾಸ್ಪರೆ ದನಿ ಇತ್ತು, ಕಣ್ಣಿರಲಿಲ್ಲ. ನನಗೆ ಆ ಮೂಲೇಲಿ ನೋಡೋ ದನಿ ಬೇಕು. ಆ ಹೊತ್ತಿಗೆ ನೀನು ಬಾಲ್ಕನೀಲಿ ಬಟ್ಟೆ ಹಾಕ್ತಿರ್ತೀಯ, ನಿನ್ನ ಬಟ್ಟೆ ಹಗ್ಗದ ರಾಟೆ ಕಿರುಗುಟ್ಟೋದು ನನಗೆ ದಿನಾ ಕೇಳಿಸತ್ತೆ.”

ಯಾರ ಹತ್ತಿರವೂ ಏನನ್ನೂ ಕೇಳಿ ಅಭ್ಯಾಸವಿಲ್ಲದ ಹೆಂಗಸು. ಕಿವಿಯವರೆಗೂ ಕೆಂಪಾಗಿದ್ದರು.

“ನಾನಾ? ನಾನು ಜನ್ಮದಲ್ಲಿ ಬೀದಿಗೆ ಕೇಳೋ ಹಾಗೆ ಕೂಗಿಲ್ಲ ಚಿಕ್ಕಮ್ಮ. ಕೂಗೋಕೆ ನನ್ನ ಹತ್ರ ಮಾರೋದಾದ್ರೂ ಏನಿದೆ?”

“ಏನೂ ಮಾರಬೇಡ. ಮಗಳನ್ನ ಕರಿ. ತಾಯಿ ಮಗಳನ್ನ ಕರೆದ್ರೆ ಯಾರೂ ತಲೆ ಎತ್ತಿ ನೋಡಲ್ಲ. ದಾರಿ ಖಾಲಿ ಇದ್ರೆ ‘ಬೆತ್ತಾ’ ಅನ್ನು, ಸಾಕು. ಅಡ್ಡ ಏನಾದ್ರೂ ಇದ್ರೆ, ಮಗು ತಪ್ಪು ಮಾಡಿದಾಗ ಕರೀತೀಯಲ್ಲ, ಹಾಗೆ ಪೂರ್ತಿ ಹೆಸರು ಕರಿ, ಬೆನೆದೆತ್ತಾ ಅಂತ. ಅಷ್ಟು ಮಾಡ್ತೀಯೇನೇ?”

ನಾನು ಎದ್ದು ಬಾಲ್ಕನಿಗೆ ಹೋಗಿ, ಕೆಳಗಿನ ಮೂಲೆ ಖಾಲಿ ಇದೆಯೇ ಎಂದು ಬಗ್ಗಿ ನೋಡಿ, ಜನ್ಮದಲ್ಲಿ ಮೊದಲ ಸಲ ಬೀದಿಗೆ ಕೇಳುವ ಹಾಗೆ ಕೂಗಿದೆ: “ಬೆತ್ತಾ!”